ರಿಜಿಸ್ಟರ್ ಏನು ಹೇಳುತ್ತದೆ?

ಕಾನೂನು ಪ್ರಶ್ನೋತ್ತರ
ಉತ್ತರಿಸುವವರು: ಕಾರವಾರದ ಹಳೆಯ ವಕೀಲರು

ಈ ತಿಂಗಳು ಬಂದ ಪತ್ರಗಳಲ್ಲಿ ಅರ್ಧಕ್ಕರ್ಧ ಒಂದೇ ವಿಷಯದ್ದು. ಮಾರ್ಕ್ಸ್ ಕಾರ್ಡು, ಟಿಸಿ, ನೋಟಿಸು. ಹಾಗಾಗಿ ಜಮೀನು, ಬಾಡಿಗೆ, ಸೊಸೈಟಿ ಸಾಲದ ಪ್ರಶ್ನೆ ಕೇಳಿದವರು ಮುಂದಿನ ಸಂಚಿಕೆವರೆಗೆ ಕಾಯಬೇಕು. ಹೆಸರು ಹಾಕಬೇಡಿ ಎಂದು ಎಲ್ಲರೂ ಬೇಡಿಕೊಂಡಿದ್ದಾರೆ. ತಾಲ್ಲೂಕು ಮಾತ್ರ ಹಾಕಿದ್ದೇನೆ.

ಹೊಸ ಓದುಗರಿಗೆ ಒಂದು ಮಾತು ಹೇಳಬೇಕು. ವಕೀಲನಾಗುವ ಮೊದಲು ನಾನು ಮೂರು ವರ್ಷ ಒಂದು ಕಚೇರಿಯಲ್ಲಿ ಆವಕ-ಜಾವಕ ಗುಮಾಸ್ತನಾಗಿದ್ದೆ. ‘ಲಗತ್ತಿಸಿದ ಅಂಕಪಟ್ಟಿ ನಿಜವೇ, ತಿಳಿಸಿ’ ಎಂದು ಬೇರೆ ಕಚೇರಿಗಳಿಂದ ಕಾಗದ ಬರುತ್ತಿತ್ತು. ಹಳೆ ರಿಜಿಸ್ಟರ್ ಇಳಿಸಿ, ಧೂಳು ಕೊಡವಿ, ಪುಟ ಹುಡುಕಿ ಹಿರಿಯರ ಮುಂದಿಡುವುದು ನನ್ನ ಪಾಲಿಗೆ ಬಂದ ಕೆಲಸ. ಕಾಗದ ನೋಡಿ ಅಸಲಿ ನಕಲಿ ಹೇಳಲು ಆ ಮೂರು ವರ್ಷದಲ್ಲಿ ನನಗೆ ಒಮ್ಮೆಯೂ ಆಗಲಿಲ್ಲ. ಕೆಲವು ನಕಲಿಗಳು ಅಸಲಿಗಿಂತ ಚೆಂದ ಇರುತ್ತಿದ್ದವು. ಕೆಳಗಿನ ಉತ್ತರಗಳಲ್ಲಿ ರಿಜಿಸ್ಟರ್, ರಿಜಿಸ್ಟರ್ ಎಂದು ಮುದುಕ ಜಪ ಮಾಡುತ್ತಾನೆ ಅನಿಸಿದರೆ ಕಾರಣ ಇದು.

ಪ್ರಶ್ನೆ: ನನ್ನ ಯಜಮಾನರು ಸರಕಾರಿ ಕಚೇರಿಯಲ್ಲಿ ದ್ವಿತೀಯ ದರ್ಜೆ ಸಹಾಯಕರಾಗಿ ಸೇರಿ 23 ವರ್ಷ ಆಯಿತು. ಯಾರೋ ಮೂಗರ್ಜಿ ಹಾಕಿದರು. ಪಿಯುಸಿ ಅಂಕಪಟ್ಟಿ ನಕಲಿ ಎಂದು ಬೋರ್ಡಿನಿಂದ ಪತ್ರ ಬಂದಿದೆಯಂತೆ. ಏಳು ದಿನದಲ್ಲಿ ಉತ್ತರ ಕೊಡಿ ಎಂದು ನೋಟಿಸು. ಅವರು ಬಾಯಿ ಬಿಡುವುದಿಲ್ಲ, ಸರಿಯಾಗಿ ಊಟವನ್ನೂ ಮಾಡುವುದಿಲ್ಲ. 23 ವರ್ಷ ದುಡಿದದ್ದಕ್ಕೆ ಬೆಲೆ ಇಲ್ಲವೇ? ರಾಜೀನಾಮೆ ಕೊಟ್ಟರೆ ಇದು ಮುಗಿಯುತ್ತದೆಯೇ? ಮಗಳು ಬಿಎಸ್ಸಿ ಓದುತ್ತಿದ್ದಾಳೆ, ಅವಳಿಗೆ ತೊಂದರೆ ಆಗುತ್ತದೆಯೇ? — ಒಬ್ಬ ಗೃಹಿಣಿ, ಕುಮಟಾ

ಉತ್ತರ: ತಂಗಿ, ಮಗಳ ವಿಷಯ ಮೊದಲು ಹೇಳುತ್ತೇನೆ. ಅವಳಿಗೆ ಏನೂ ಆಗುವುದಿಲ್ಲ. ಅಪ್ಪನ ಅಂಕಪಟ್ಟಿಗೂ ಅವಳ ಓದಿಗೂ, ನಾಳೆ ಅವಳು ಬರೆಯುವ ಯಾವ ಪರೀಕ್ಷೆಗೂ ಸಂಬಂಧ ಇಲ್ಲ. ಅವಳನ್ನು ಕಾಲೇಜು ಬಿಡಿಸಬೇಡಿ.

ಇನ್ನು ನಿಮ್ಮ ಯಜಮಾನರ ವಿಷಯ. ಇವತ್ತು ರಾತ್ರಿ ಅವರ ಹತ್ತಿರ ‘ನಕಲಿ ಹೌದೋ ಅಲ್ಲವೋ’ ಎಂದು ಕೇಳಬೇಡಿ. ‘ಪಿಯುಸಿ ಪರೀಕ್ಷೆಗೆ ಎಲ್ಲಿ ಕೂತಿದ್ದಿರಿ’ ಎಂದು ಸುಮ್ನೆ ಕೇಳಿ. ನಿಜವಾಗಿ ಬರೆದವನಿಗೆ ಸೆಂಟರ್ ನೆನಪಿರುತ್ತದೆ. ಮಾರ್ಚಿನ ಸೆಕೆ, ಹಿಂದಿನ ಬೆಂಚಿನಲ್ಲಿ ಕೂತಿದ್ದವನ ಹೆಸರು, ಬಸ್ಸು ತಪ್ಪಿದ್ದು, ಯಾವುದಾದರೂ ಒಂದು ನೆನಪಿರುತ್ತದೆ. ನನ್ನ ಹತ್ತಿರ ಬರುವ ಕಕ್ಷಿದಾರರಿಗೂ ನಾನು ಕೇಳುವುದು ಇದನ್ನೇ.

ಉತ್ತರ ಬಂದರೆ ದಾರಿ ಸುಲಭ. ಬೋರ್ಡಿನ ಪತ್ರದ ನಕಲು ಕೊಡಿ, ಅದು ಬಂದ ಮೇಲೆ ಉತ್ತರಿಸಲು ಸಮಯ ಕೊಡಿ ಎಂದು ಬರೆದು ಕೊಡಲಿ. ಬಾಯಲ್ಲಿ ಹೇಳುವುದಲ್ಲ. ಕಾಗದ ಕೊಟ್ಟು, ಇನ್ನೊಂದು ಪ್ರತಿಗೆ ಸ್ವೀಕೃತಿ ಸೀಲು ಹಾಕಿಸಿಕೊಳ್ಳಲಿ. ಪತ್ರ ಕೈಗೆ ಬಂದ ದಿನ ಅದರಲ್ಲಿರುವ ನೋಂದಣಿ ಸಂಖ್ಯೆಯನ್ನು ಅಂಕಪಟ್ಟಿಯ ಸಂಖ್ಯೆ ಜೊತೆ ಬೆರಳಿಟ್ಟು ತಾಳೆ ನೋಡಲಿ. ಯಾಕೆ ಎಂಬುದನ್ನು ಅಂಕೋಲಾದವರ ಪ್ರಶ್ನೆಯಲ್ಲಿ ಹೇಳುತ್ತೇನೆ.

ಉತ್ತರ ಬಾರದಿದ್ದರೆ ನಾನು ನಿಮಗೆ ಸುಳ್ಳು ಧೈರ್ಯ ಹೇಳುವುದಿಲ್ಲ. ಕೇರಳದ ಒಬ್ಬ ಪೊಲೀಸ್ ಅಧಿಕಾರಿಯ ಕೇಸು ಇದೆ. ವಿಶ್ವನಾಥ ಪಿಳ್ಳೈ ಪ್ರಕರಣ ಎಂದು ನಾವು ವಕೀಲರು ಹೇಳುತ್ತೇವೆ. ಅಲ್ಲಿ ಸುಳ್ಳಾಗಿದ್ದದ್ದು ಅಂಕಪಟ್ಟಿ ಅಲ್ಲ, ಜಾತಿ ಪ್ರಮಾಣಪತ್ರ. ಅವರದ್ದು ಸುಮಾರು 27 ವರ್ಷದ ಸೇವೆ. ವಜಾ ಬೇಡ, ಕಡ್ಡಾಯ ನಿವೃತ್ತಿ ಕೊಡಿ, ಪಿಂಚಣಿಯಾದರೂ ಉಳಿಯಲಿ ಎಂದು ಕೇಳಿಕೊಂಡರು. 2004ರಲ್ಲಿ ಸುಪ್ರೀಂ ಕೋರ್ಟು ಅದನ್ನೂ ಒಪ್ಪಲಿಲ್ಲ. ಮೋಸದಿಂದ ಪಡೆದ ನೇಮಕಾತಿ ಕಾನೂನಿನ ಕಣ್ಣಿಗೆ ನೇಮಕಾತಿಯೇ ಅಲ್ಲ, ಆದ್ದರಿಂದ ಸರಕಾರಿ ನೌಕರನಿಗೆ ಸಂವಿಧಾನದ 311ನೇ ವಿಧಿ ಕೊಡುವ ರಕ್ಷಣೆಯೂ ಇಲ್ಲ ಎಂದಿತು. ನಕಲಿ ಅಂಕಪಟ್ಟಿಯ ಕೇಸುಗಳಲ್ಲೂ ಇಲಾಖೆಯವರು ಮೊದಲು ಮೇಜಿನ ಮೇಲೆ ಇಡುವುದು ಇದೇ ತೀರ್ಪನ್ನು. 23 ವರ್ಷದ ಒಳ್ಳೆ ಕೆಲಸ, ಮೇಲಧಿಕಾರಿಗಳ ಶಹಬ್ಬಾಸ್‌ಗಿರಿ ಯಾವುದೂ ಬುಡದಲ್ಲಿರುವ ಕಾಗದವನ್ನು ರಿಪೇರಿ ಮಾಡುವುದಿಲ್ಲ.

ಆದರೂ ಒಂದು ಮಾತು. ಆ ಕೇರಳದ ಕೇಸಿನಲ್ಲೂ ಮೊದಲು ಒಂದು ಸಮಿತಿ ಕೂತು, ಅವರ ಮಾತು ಕೇಳಿ, ಪ್ರಮಾಣಪತ್ರ ಸುಳ್ಳು ಎಂದು ತೀರ್ಮಾನಿಸಿತ್ತು. ಅಂದರೆ ಬೋರ್ಡಿನಿಂದ ಒಂದು ಪತ್ರ ಬಂತು, ಮರುದಿನ ಮನೆಗೆ ಕಳಿಸಿದರು ಎಂಬಂತೆ ಆಗುವ ಹಾಗಿಲ್ಲ. ನಮ್ಮಲ್ಲಿ ಸರಕಾರಿ ನೌಕರರ ಶಿಸ್ತು ಕ್ರಮಕ್ಕೆ 1957ರ ಸಿಸಿಎ ನಿಯಮಗಳಿವೆ. ದೋಷಾರೋಪ ಪಟ್ಟಿ ಕೊಡಬೇಕು, ಲಿಖಿತ ಉತ್ತರ ತೆಗೆದುಕೊಳ್ಳಬೇಕು, ವಿಚಾರಣೆ ಆಗಬೇಕು, ಸಾಕ್ಷಿಯನ್ನು ಪಾಟೀಸವಾಲು ಮಾಡಲು ಬಿಡಬೇಕು. ಅದರ ನಡುವೆ ಅಮಾನತು ಮಾಡಿದರೆ ಜೀವನಾಧಾರ ಭತ್ಯೆ ಬರುತ್ತದೆ. ಮನೆ ಖರ್ಚಿನ ಲೆಕ್ಕ ಈಗಲೇ ಹಾಕಿಡಿ.

ಮೂಗರ್ಜಿ ಹಾಕಿದವರು ಯಾರು ಎಂದು ಹುಡುಕುತ್ತ ಕೂರಬೇಡಿ. ನೆಂಟರೋ, ಪ್ರಮೋಷನ್ ತಪ್ಪಿದವರೋ, ಯಾರಾದರೂ ಇರಲಿ. ಬೋರ್ಡು ಬರೆದು ಕೊಟ್ಟ ಮೇಲೆ ಅರ್ಜಿ ಹಾಕಿದವನ ಮುಖ ಲೆಕ್ಕಕ್ಕಿಲ್ಲ.

ರಾಜೀನಾಮೆ ಕೊಟ್ಟ ಮಾತ್ರಕ್ಕೆ ಮುಗಿಯುವುದಿಲ್ಲ. ವಿಚಾರಣೆ ಬಾಕಿ ಇರುವಾಗ ಅದನ್ನು ಸ್ವೀಕರಿಸಲೇಬೇಕೆಂದಿಲ್ಲ. ಬಿಹಾರದಲ್ಲಿ 2015ರಲ್ಲಿ ನಕಲಿ ಸರ್ಟಿಫಿಕೇಟಿನ ಶಿಕ್ಷಕರಿಗೆ ತಾವಾಗಿ ರಾಜೀನಾಮೆ ಕೊಟ್ಟು ಹೋಗಲು ಪಾಟ್ನಾ ಹೈಕೋರ್ಟು ಒಂದು ಅವಕಾಶ ಕೊಟ್ಟಿತ್ತು, ಬಹಳ ಜನ ಕೊಟ್ಟರು ಕೂಡ. ಅದು ಆ ರಾಜ್ಯದ, ಆ ಕೇಸಿನ ಮಾತು. ಅದನ್ನು ನಂಬಿ ಇಲ್ಲಿ ಕಾಗದ ಕೊಡಬೇಡಿ. ಪೊಲೀಸ್ ಕೇಸು ಬೇರೆಯೇ ದಾರಿಯಲ್ಲಿ ನಡೆಯುತ್ತದೆ. ಹಳೆಯ ಕೃತ್ಯವಾದ್ದರಿಂದ ಹಳೆಯ ಐಪಿಸಿಯ 420, 468, 471 ಕಲಮುಗಳು. 2024ರ ಜುಲೈ 1ರಿಂದ ಬಂದ ಹೊಸ ಸಂಹಿತೆ, ಅಂದರೆ ಭಾರತೀಯ ನ್ಯಾಯ ಸಂಹಿತೆ ಅಲ್ಲ. ವಂಚನೆಗೆ, ವಂಚನೆಗಾಗಿ ಮಾಡಿದ ಫೋರ್ಜರಿಗೆ 7 ವರ್ಷದವರೆಗೆ ಶಿಕ್ಷೆ ಇದೆ. ಅಂಥ ಅಪರಾಧಕ್ಕೆ ಕಾಲಮಿತಿ ಇಲ್ಲ. ‘ಇಷ್ಟು ವರ್ಷ ಆಯ್ತಲ್ಲ’ ಎಂಬ ಮಾತು ಅಲ್ಲೂ ನಡೆಯುವುದಿಲ್ಲ. ಎಫ್‌ಐಆರ್ ಸುಳಿವು ಸಿಕ್ಕರೆ ಸೆಷನ್ಸ್ ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನು ಕೇಳಬಹುದು. ಇನ್ನು ಇಷ್ಟು ವರ್ಷದ ಸಂಬಳ ವಾಪಸ್ ಕೊಡಿ ಎಂದರೆ, ದುಡಿದ ದಿನಕ್ಕೆ ಕೊಟ್ಟ ಕೂಲಿ ಎಂದು ವಾದ ಮಾಡಲು ಜಾಗ ಇದೆ. ಆ ವಾದ ಬಿಡಬೇಡಿ.

ನಾನು ಸೋತ ಒಂದು ಕೇಸು ಹೇಳುತ್ತೇನೆ. ಆತ ಜವಾನ. ನಮ್ಮ ಕಡೆ ಮುಲ್ಕಿ ಎನ್ನುತ್ತಿದ್ದೆವಲ್ಲ, ಆ 7ನೇ ಇಯತ್ತೆಯ ಟಿಸಿ ಕೊಟ್ಟು ಸೇರಿದ್ದ. 22 ವರ್ಷ ಸರ್ವಿಸ್. ಟಿಸಿ ಮೇಲಿನ ದಿನಾಂಕ 1971ರ ಜೂನ್. ಕಾಗದದ ತಲೆಯ ಮೇಲೆ ‘ಕರ್ನಾಟಕ ಸರಕಾರ’ ಎಂದು ಅಚ್ಚಾಗಿತ್ತು. ನಮ್ಮ ರಾಜ್ಯಕ್ಕೆ ಕರ್ನಾಟಕ ಎಂದು ಹೆಸರಾದದ್ದು 1973ರ ನವೆಂಬರ್ 1ಕ್ಕೆ. ಅಲ್ಲಿಯವರೆಗೆ ಮೈಸೂರು ರಾಜ್ಯ. ಅಷ್ಟು ವರ್ಷ ಸೇವಾ ಪುಸ್ತಕದಲ್ಲಿ ಅಂಟಿಸಿದ್ದ ಆ ಕಾಗದವನ್ನು ಎಷ್ಟು ಅಧಿಕಾರಿಗಳು ನೋಡಿರಬೇಡ! ನಾನೂ ನಾಲ್ಕು ಸಲ ಓದಿ ಉತ್ತರ ಬರೆದು ಕೊಟ್ಟಿದ್ದೆ. ಹಿಡಿದವಳು ವಿಚಾರಣೆಯ ಟಿಪ್ಪಣಿ ಟೈಪ್ ಮಾಡುತ್ತಿದ್ದ ಹುಡುಗಿ. ನನ್ನ ಕಕ್ಷಿದಾರ ಹೊರಗೆ ಬಂದು ಬೆಂಚಿನ ಮೇಲೆ ನನ್ನ ಪಕ್ಕ ಕೂತ. ‘ಓದು ಬರಹ ನಿಜವಾಗಿಯೂ ಬರುತ್ತದೆ ವಕೀಲ್ರೆ, ಅಣ್ಣ ಮನೆಯಲ್ಲೇ ಕಲಿಸಿದ್ದ’ ಅಂದ. ಅದು ಸುಳ್ಳಲ್ಲ. ಪೇಪರ್ ಓದುತ್ತಿದ್ದುದನ್ನು ನಾನೇ ನೋಡಿದ್ದೆ.

ಪ್ರಶ್ನೆ: ನಮ್ಮ ಊರಿನ ಒಬ್ಬರು ನಕಲಿ ಡಿಗ್ರಿ ಕೊಟ್ಟು ನೌಕರಿ ಹಿಡಿದಿದ್ದಾರೆಂದು ಎಲ್ಲರಿಗೂ ಗೊತ್ತು. ಮಾಹಿತಿ ಹಕ್ಕಿನಲ್ಲಿ ಅವರ ಅಂಕಪಟ್ಟಿ ಕೇಳಿದೆ. ‘ವೈಯಕ್ತಿಕ ಮಾಹಿತಿ’ ಎಂದು ತಿರಸ್ಕರಿಸಿದರು. ಕಳ್ಳನ ಪರವೇ ಕಾನೂನು? — ಹಳಿಯಾಳ

ಉತ್ತರ: ‘ಎಲ್ಲರಿಗೂ ಗೊತ್ತು’ ಎನ್ನುವುದು ಸಾಕ್ಷಿ ಅಲ್ಲ ಮಾರಾಯ್ರೆ. ಅವರು ಹಾಗೆ ಉತ್ತರ ಕೊಡಲು ಆಧಾರ ಇದೆ. ಗಿರೀಶ ದೇಶಪಾಂಡೆ ಎಂಬುವರ ಪ್ರಕರಣದಲ್ಲಿ 2012ರಲ್ಲಿ ಸುಪ್ರೀಂ ಕೋರ್ಟು, ನೌಕರನಿಗೂ ಇಲಾಖೆಗೂ ನಡುವಿನ ಸೇವಾ ದಾಖಲೆಗಳು ಸಾಮಾನ್ಯವಾಗಿ ವೈಯಕ್ತಿಕ ಎಂದಿತು.

ಹಾಗಾಗಿ ಅಂಕಪಟ್ಟಿ ಕೇಳಬೇಡಿ. ಕೆಲಸ ಆಗಿದೆಯೇ ಎಂದು ಕೇಳಿ. ‘ಇಂಥ ವರ್ಷದ ನೇಮಕಾತಿಯಲ್ಲಿ ಆಯ್ಕೆಯಾದವರ ಅಂಕಪಟ್ಟಿಗಳ ನೈಜತೆ ಪರಿಶೀಲನೆಗೆ ವಿಶ್ವವಿದ್ಯಾಲಯಕ್ಕೆ ಬರೆದ ದಿನಾಂಕ ಯಾವುದು, ಉತ್ತರ ಬಂದ ದಿನಾಂಕ ಯಾವುದು.’ ಅಷ್ಟೇ. ನಮ್ಮ ರಾಜ್ಯದ ನಿಯಮದಂತೆ ಅರ್ಜಿ ಒಂದೇ ವಿಷಯದ ಮೇಲೆ, 150 ಪದದ ಒಳಗೆ ಇರಬೇಕು. ನಿಮ್ಮ ಅರ್ಜಿ ಜೆರಾಕ್ಸ್ ನೋಡಿದೆ, ಮೂರು ಪುಟ ಇದೆ. ಅದರಲ್ಲಿ ಅವರ ಹೆಂಡತಿಯ ಬಂಗಾರದ ವಿಷಯವೂ ಬಂದಿದೆ. ಅದು ಯಾಕೆ?

ನಿಮ್ಮ ಹತ್ತಿರ ನಿಜಕ್ಕೂ ಆಧಾರ ಇದ್ದರೆ ನೇಮಕಾತಿ ಪ್ರಾಧಿಕಾರಕ್ಕೆ ಹೆಸರು ವಿಳಾಸ ಹಾಕಿ, ಸಹಿ ಮಾಡಿ ದೂರು ಕೊಡಿ. ವಿಶ್ವವಿದ್ಯಾಲಯಕ್ಕೆ ಬರೆದು ಕೇಳುವುದು ಅವರ ಕೆಲಸ. ಸುಳ್ಳೆಂದು ಗೊತ್ತಿದ್ದೂ ದೂರು ಕೊಟ್ಟರೆ ಅದೇ ಒಂದು ಅಪರಾಧ, ಹೊಸ ಸಂಹಿತೆಯ 217ನೇ ಕಲಮು. ಸಹಿ ಮಾಡುವ ಮೊದಲು ಒಂದು ರಾತ್ರಿ ಯೋಚಿಸಿ.

ಪ್ರಶ್ನೆ: ನಾನು ಪ್ರಾಥಮಿಕ ಶಾಲೆ ಶಿಕ್ಷಕಿ. ಪ್ರೊಬೇಷನ್ ಅವಧಿ ಮುಗಿದರೂ ಘೋಷಣೆ ಮಾಡಿಲ್ಲ. ನನ್ನ ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಗೆ ‘ದಾಖಲೆಗೆ ತಾಳೆಯಾಗುವುದಿಲ್ಲ’ ಎಂದು ಉತ್ತರ ಬಂದಿದೆಯಂತೆ. ನಾನು ಪರೀಕ್ಷೆ ಬರೆದು, ಫಸ್ಟ್ ಕ್ಲಾಸಿನಲ್ಲಿ ಪಾಸಾದವಳು. ಎಸ್‌ಎಸ್‌ಎಲ್‌ಸಿಯಲ್ಲಿ ‘ನಾಯ್ಕ’ ಎಂದಿದೆ, ಪಿಯುಸಿಯಿಂದ ‘ನಾಯಕ’ ಆಗಿದೆ, ಮದುವೆ ಆದ ಮೇಲೆ ಇನಿಷಿಯಲ್ ಬೇರೆ. ನಾನು ಓದಿದ ಪ್ರಾಥಮಿಕ ಶಾಲೆಯ ರಿಜಿಸ್ಟರ್ 2019ರ ನೆರೆಯಲ್ಲಿ ಹಾಳಾಗಿದೆ. ಸ್ಟಾಫ್ ರೂಮಿನಲ್ಲಿ ಎಲ್ಲರೂ ನನ್ನನ್ನು ಬೇರೆಯೇ ಥರ ನೋಡುತ್ತಾರೆ. — ಅಂಕೋಲಾ

ಉತ್ತರ: ಅಯ್ಯೋ ತಂಗಿ, ನಾಯ್ಕ, ನಾಯಕ, ನಾಯಿಕ! ನಮ್ಮ ಜಿಲ್ಲೆಯಲ್ಲಿ ಈ ಮೂರು ಅಕ್ಷರದಿಂದ ವಕೀಲರ ಹೊಟ್ಟೆ ತುಂಬುತ್ತದೆ. ಇಂಗ್ಲಿಷಿನಲ್ಲಿ ಬರೆದಾಗ ಇನ್ನೂ ನಾಲ್ಕು ವೇಷ. ಹೆಡ್ ಮಾಸ್ತರರು ಬದಲಾದ ಹಾಗೆ ಮಕ್ಕಳ ಅಡ್ಡಹೆಸರೂ ಬದಲಾದ ಮನೆಗಳನ್ನು ನಾನು ನೋಡಿದ್ದೇನೆ. ಒಂದೇ ತಾಯಿಯ ಇಬ್ಬರು ಮಕ್ಕಳು, ಒಬ್ಬ ನಾಯ್ಕ, ಒಬ್ಬ ನಾಯಕ.

‘ತಾಳೆಯಾಗುವುದಿಲ್ಲ’ ಬೇರೆ, ‘ನಕಲಿ’ ಬೇರೆ. ಮೊದಲನೆಯದಕ್ಕೆ ನೂರು ಕಾರಣ ಇರಬಹುದು. ನನ್ನ ಒಬ್ಬ ಕಕ್ಷಿದಾರನಿಗೆ ‘ಈ ನೋಂದಣಿ ಸಂಖ್ಯೆಯಲ್ಲಿ ಇಂಥ ಅಭ್ಯರ್ಥಿ ಇಲ್ಲ’ ಎಂದು ಬಂದಿತ್ತು. ಎಂಟು ತಿಂಗಳು ಅಮಾನತಿನಲ್ಲಿದ್ದ. ಕೊನೆಗೆ ನಾವಿಬ್ಬರೂ ಬೆಳಿಗ್ಗೆ ಬಸ್ಸು ಹತ್ತಿ, ಅರಬೈಲ್ ಘಟ್ಟ ಏರಿ, ಆ ಕಚೇರಿಗೇ ಹೋದೆವು. ಅಲ್ಲಿದ್ದ ಗುಮಾಸ್ತರು ಒಳ್ಳೆಯವರು, ನಮ್ಮ ಎದುರೇ ರಿಜಿಸ್ಟರ್ ತೆಗೆದರು. ಹುಡುಗನ ಹೆಸರು, ಅಪ್ಪನ ಹೆಸರು, ಅಂಕ ಎಲ್ಲ ಸರಿ ಇತ್ತು. ಇಲ್ಲಿಂದ ಹೋದ ಪತ್ರದಲ್ಲಿ ಟೈಪ್ ಮಾಡಿದವರು 7 ಇದ್ದ ಜಾಗದಲ್ಲಿ 1 ಹೊಡೆದಿದ್ದರು. ಅಲ್ಲಿಯವರು 1ನ್ನೇ ನೋಡಿ ‘ಇಲ್ಲ’ ಎಂದಿದ್ದರು. ಯಾರೂ ಸುಳ್ಳು ಹೇಳಿರಲಿಲ್ಲ! ಅಷ್ಟರಲ್ಲಿ ಆತನ ತಂಗಿಗೆ ಬಂದಿದ್ದ ಒಂದು ನೆಂಟಸ್ತಿಕೆ ಮುರಿದು ಹೋಗಿತ್ತು.

ನೀವು ಮಾಡಬೇಕಾದದ್ದು ಇಷ್ಟು. ಇಲಾಖೆ ಕಳಿಸಿದ ಪತ್ರ ಮತ್ತು ಬಂದ ಉತ್ತರ ಎರಡರ ನಕಲನ್ನೂ ಬರಹದಲ್ಲಿ ಕೇಳಿ. ಬಂದ ಉತ್ತರ ಒಂದೇ ನೋಡಿದರೆ ಸಾಲದು. ನೀವು ಎಸ್‌ಎಸ್‌ಎಲ್‌ಸಿ ಕಟ್ಟಿದ ಹೈಸ್ಕೂಲಿಗೆ ಹೋಗಿ. ನೆರೆಯಲ್ಲಿ ಹೋದದ್ದು ಪ್ರಾಥಮಿಕ ಶಾಲೆಯ ಪುಸ್ತಕ, ಹೈಸ್ಕೂಲಿನದ್ದಲ್ಲ ಅಲ್ವಾ? ಅಲ್ಲಿನ ದಾಖಲಾತಿ ರಿಜಿಸ್ಟರ್ ಮತ್ತು ಬೋರ್ಡಿಗೆ ಕಳಿಸಿದ ಅಭ್ಯರ್ಥಿಗಳ ಪಟ್ಟಿಯ ದೃಢೀಕೃತ ನಕಲು ಪಡೆಯಿರಿ. ಹಾಜರಿ ಪುಸ್ತಕ ಸಿಕ್ಕರೆ ಇನ್ನೂ ಒಳ್ಳೆಯದು. ಡಿಜಿಲಾಕರಿನಲ್ಲೂ ನಿಮ್ಮ ಅಂಕಪಟ್ಟಿ ಹುಡುಕಿ. ಬೋರ್ಡಿನ ದಾಖಲೆಯಿಂದಲೇ ಅಲ್ಲಿಗೆ ಇಳಿಯುವುದರಿಂದ ಅದು ಸಿಕ್ಕರೆ ಅರ್ಧ ಕೆಲಸ ಆಯಿತು. ಇದೆಲ್ಲ ಇಟ್ಟು, ಸರಿಯಾದ ಸಂಖ್ಯೆ ಮತ್ತು ಸರಿಯಾದ ಹೆಸರಿನಲ್ಲಿ ಮರುಪರಿಶೀಲನೆಗೆ ಬರೆಯಿರಿ ಎಂದು ಇಲಾಖೆಗೆ ಮನವಿ ಕೊಡಿ. ಬೋರ್ಡಿನ ಈಗಿನ ಹೆಸರು ಕರ್ನಾಟಕ ಶಾಲಾ ಪರೀಕ್ಷೆ ಮತ್ತು ಮೌಲ್ಯನಿರ್ಣಯ ಮಂಡಳಿ. 2022ರ ಮೊದಲಿನ ಹೆಸರಿಗೆ ಬರೆದ ಪತ್ರ ಸುತ್ತಾಡಿ ಬರಬಹುದು.

ಪ್ರೊಬೇಷನ್ ಎಂದು ಹೆದರಬೇಡಿ. ಕೆಲಸ ಸರಿ ಇಲ್ಲ ಎಂದು ಪ್ರೊಬೇಷನರನ್ನು ಬಿಡಿಸುವುದು ಬೇರೆ. ಫೋರ್ಜರಿ ಎಂಬ ಕಳಂಕ ಹಚ್ಚಿ ವಿಚಾರಣೆ ಇಲ್ಲದೆ ಬಿಡಿಸುವ ಹಾಗಿಲ್ಲ. ವಿಚಾರಣೆ ನಡೆದರೂ ಪತ್ರವನ್ನು ಸುಮ್ನೆ ಫೈಲಿಗೆ ಸೇರಿಸಿದರೆ ಸಾಬೀತಾದಂತಲ್ಲ. ಅದರಲ್ಲಿರುವುದನ್ನು ಸಾಕ್ಷಿಯ ಮೂಲಕ ಸಾಬೀತು ಮಾಡಬೇಕು. 2008ರಲ್ಲಿ ರೂಪ್ ಸಿಂಗ್ ನೇಗಿ ಎಂಬ ಬ್ಯಾಂಕ್ ನೌಕರನ ಕೇಸಿನಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ಇದೇ. ಅಷ್ಟಾಗಿಯೂ ವಿರುದ್ಧ ಆದೇಶ ಬಂದರೆ ಇಲಾಖೆಯ ಮೇಲ್ಮನವಿ, ಆಮೇಲೆ ಆಡಳಿತ ನ್ಯಾಯಮಂಡಳಿಯ ಬೆಳಗಾವಿ ಪೀಠ. ಅಂತಿಮ ಆದೇಶದಿಂದ ಒಂದು ವರ್ಷದ ಒಳಗೆ ಹೋಗಬೇಕು. ನೇರ ಧಾರವಾಡದ ಹೈಕೋರ್ಟಿಗೆ ಹೋದರೆ ಮೊದಲು ನ್ಯಾಯಮಂಡಳಿಗೆ ಹೋಗಿ ಎಂದು ತಿರುಗಿ ಕಳಿಸುತ್ತಾರೆ.

ನಿಮ್ಮ ಹೆಸರಿನ ಗೊಂದಲವನ್ನು ಮಾತ್ರ ಈ ಸಲ ಬುಡಸಮೇತ ಸರಿ ಮಾಡಿಕೊಳ್ಳಿ. ಅಫಿಡವಿಟ್ ಒಂದೇ ಸಾಲದು, ರಾಜ್ಯಪತ್ರದಲ್ಲೂ ಪ್ರಕಟಿಸಿ. ಇಲ್ಲದಿದ್ದರೆ ನಿವೃತ್ತಿ ದಿನ ಇದೇ ಕಥೆ ಮತ್ತೆ ಶುರುವಾಗುತ್ತದೆ.

ಪ್ರಶ್ನೆ: ಗ್ರಾಮೀಣ ಡಾಕ್ ಸೇವಕ್ ಹುದ್ದೆಗೆ ಅರ್ಜಿ ಹಾಕಿದ್ದೆ. ಹತ್ತನೇ ತರಗತಿಯಲ್ಲಿ ನನಗೆ ಶೇ. 93. ಆಯ್ಕೆಯಾದವರಿಗೆ ಶೇ. 99ಕ್ಕಿಂತ ಜಾಸ್ತಿ, ಹೊರ ರಾಜ್ಯದ ಯಾವುದೋ ಬೋರ್ಡು. ಅವರಿಗೆ ಕನ್ನಡ ಓದಲೂ ಬರುವುದಿಲ್ಲ. ಇದು ನಕಲಿ ಅಲ್ಲವೇ? — ಸಿದ್ದಾಪುರ

ಉತ್ತರ: ಇರಬಹುದು, ಇಲ್ಲದೆಯೂ ಇರಬಹುದು. ಅಂಕ ಜಾಸ್ತಿ ಇದ್ದ ಮಾತ್ರಕ್ಕೆ ನಕಲಿ ಆಗುವುದಿಲ್ಲ. 2022ರಲ್ಲಿ ನಮ್ಮ ರಾಜ್ಯದಲ್ಲೇ 145 ಮಕ್ಕಳು 625ಕ್ಕೆ 625 ತೆಗೆದರು. ಆದರೆ ನಿನ್ನ ಅನುಮಾನ ಬುಡವಿಲ್ಲದ್ದೂ ಅಲ್ಲ ತಂಗಿ. ಈ ಹುದ್ದೆಗೆ ಲಿಖಿತ ಪರೀಕ್ಷೆ ಇಲ್ಲ. ಹತ್ತನೇ ತರಗತಿಯ ಅಂಕವೇ ಎಲ್ಲ. ಒಂದು ಕಾಗದದ ಮೇಲೆ ನೌಕರಿ ನಿಂತಿದೆ ಎಂದಾಗ ಆ ಕಾಗದ ಮಾಡಿಕೊಡುವ ಅಂಗಡಿ ತೆರೆಯುವುದು ಸಹಜ.

ಅಂಥ ಅಂಗಡಿಗಳಲ್ಲಿ ಎರಡು ನಮೂನೆ. ಒಂದು, ನಿಜವಾದ ಬೋರ್ಡಿನ ಹೆಸರಲ್ಲಿ ಸುಳ್ಳು ಅಂಕಪಟ್ಟಿ. ಇನ್ನೊಂದು, ಬೋರ್ಡೇ ಸುಳ್ಳು. ಎರಡನೆಯದು ಮೋಜಿನದ್ದು. ವೆಬ್‌ಸೈಟ್ ಇರುತ್ತದೆ, ಫೋನ್ ಮಾಡಿದರೆ ‘ಹೌದು, ನಮ್ಮ ವಿದ್ಯಾರ್ಥಿಯೇ’ ಎಂದು ನೈಜತೆಯನ್ನೂ ಕೊಡುತ್ತಾರೆ! ಶಾಲಾ ಶಿಕ್ಷಣ ಮಂಡಳಿಗಳ ಒಕ್ಕೂಟ ಕೊಬ್ಸೆಯ ಪಟ್ಟಿಯಲ್ಲಿ ಆ ಬೋರ್ಡಿನ ಹೆಸರು ಇದೆಯೇ ನೋಡು. ಆಮೇಲೆ ಅಂಚೆ ಅಧೀಕ್ಷಕರಿಗೆ, ನಿಮಗಾದರೆ ಸಿರ್ಸಿ ವಿಭಾಗ, ರಿಜಿಸ್ಟರ್ ಅಂಚೆಯಲ್ಲಿ ದೂರು ಕೊಡು. ಸ್ಥಳೀಯ ಭಾಷೆಯನ್ನು ಹತ್ತನೇ ತರಗತಿವರೆಗೆ ಓದಿರಬೇಕೆಂಬ ಷರತ್ತೂ ಇದೆ, ಅದನ್ನೂ ಎತ್ತು. ಈ ನೌಕರಿಯ ತಕರಾರು ಬೆಳಗಾವಿಗೆ ಹೋಗುವುದಿಲ್ಲ. ಕೇಂದ್ರ ಸರಕಾರದ್ದಾದ್ದರಿಂದ ಸಿಎಟಿ, ಅಂದರೆ ಕೇಂದ್ರ ಆಡಳಿತ ನ್ಯಾಯಮಂಡಳಿ, ಬೆಂಗಳೂರು. ಕಾರವಾರ ನೌಕಾನೆಲೆಯ ಸಿವಿಲಿಯನ್ ನೌಕರರಿಗೂ ಇದೇ ದಾರಿ.

ಪ್ರಶ್ನೆ: ಅಂಗನವಾಡಿ ಕಾರ್ಯಕರ್ತೆಯಾಗಿದ್ದ ನನ್ನನ್ನು ಅಂಕಪಟ್ಟಿ ತಕರಾರಿನ ಮೇಲೆ ತೆಗೆದಿದ್ದಾರೆ. ನಾನೂ ಬೆಳಗಾವಿ ನ್ಯಾಯಮಂಡಳಿಗೆ ಹೋಗಬೇಕೇ? — ಹೊನ್ನಾವರ

ಉತ್ತರ: ಬೇಡ, ಅಲ್ಲಿ ನಿಮ್ಮ ಕೇಸು ನಿಲ್ಲುವುದಿಲ್ಲ. ಅಂಗನವಾಡಿ ಕಾರ್ಯಕರ್ತೆಯರದ್ದು ಸಿವಿಲ್ ಹುದ್ದೆ ಅಲ್ಲ ಎಂದು ಅಮೀರ್‌ಬಿ ಪ್ರಕರಣದಲ್ಲಿ 2006ರಲ್ಲಿ ತೀರ್ಪಾಗಿದೆ. ಅದು ನಮ್ಮ ರಾಜ್ಯದ್ದೇ ಕೇಸು. ನೀವು ಧಾರವಾಡ ಹೈಕೋರ್ಟ್ ಪೀಠದಲ್ಲಿ ರಿಟ್ ಹಾಕಬೇಕು. ನೋಟಿಸು ಕೊಡದೆ, ನಿಮ್ಮ ಮಾತು ಕೇಳದೆ ತೆಗೆದಿದ್ದರೆ ಮೊದಲ ಪ್ಯಾರಾದಲ್ಲೇ ಅದನ್ನು ಬರೆಸಿ.

ಪ್ರಶ್ನೆ: ನಾನು 2013-14ರಲ್ಲಿ ಮುಕ್ತ ವಿಶ್ವವಿದ್ಯಾಲಯಕ್ಕೆ ಸೇರಿ ಡಿಗ್ರಿ ಮಾಡಿದವನು. ಇಂಟರ್‌ವ್ಯೂನಲ್ಲಿ ‘ಇದು ಫೇಕ್’ ಅಂದರು. — ಮುಂಡಗೋಡ

ಉತ್ತರ: ಫೇಕ್ ಅಲ್ಲ. ಆ ಶಬ್ದ ಬಳಸಿದವರು ತಪ್ಪು ಮಾಡಿದ್ದಾರೆ. ನೀನು ಓದಿದ್ದು ನಿಜ, ಪರೀಕ್ಷೆ ಬರೆದದ್ದು ನಿಜ, ರಿಜಿಸ್ಟರಿನಲ್ಲಿ ಹೆಸರು ಇದೆ. ತೊಂದರೆ ಇರುವುದು ಮಾನ್ಯತೆಯದ್ದು. ಮೈಸೂರಿನ ಮುಕ್ತ ವಿವಿಗೆ 2012-13ರ ನಂತರ ಮಾನ್ಯತೆ ಇಲ್ಲ ಎಂದು ಯುಜಿಸಿ 2015ರಲ್ಲಿ ಹೇಳಿತು. ಮತ್ತೆ ಮಾನ್ಯತೆ ಸಿಕ್ಕಿದ್ದು 2018ರಲ್ಲಿ. ನಡುವಿನ ವರ್ಷದವರು ಸಿಕ್ಕಿಕೊಂಡರು. ನೌಕರಿ ಸಿಗದಿರಬಹುದು, ಆದರೆ ನಿನ್ನ ಮೇಲೆ ಫೋರ್ಜರಿ ಕೇಸು ಹಾಕಲು ಬರುವುದಿಲ್ಲ. ಅರ್ಜಿಯಲ್ಲಿ ವರ್ಷ ಮುಚ್ಚಿಡಬೇಡ. ಮುಚ್ಚಿಟ್ಟರೆ ಮಾತ್ರ ಅದೇ ತಪ್ಪಾಗುತ್ತದೆ.

ಪ್ರಶ್ನೆ: ಪಿಯುಸಿ ಫೇಲ್. ಒಬ್ಬ ಏಜೆಂಟ್ 60 ಸಾವಿರಕ್ಕೆ ‘ಒರಿಜಿನಲ್’ ಸರ್ಟಿಫಿಕೇಟ್ ಕೊಡಿಸುತ್ತೇನೆ ಅಂದ. 10 ಸಾವಿರ ಮುಂಗಡ ಕೊಟ್ಟಿದ್ದೇನೆ. ಈಗ ಭಯ ಆಗುತ್ತಿದೆ. ಬೇಡ ಎಂದರೆ ಹಣ ವಾಪಸ್ ಬರುತ್ತದೆಯೇ? — ಭಟ್ಕಳ

ಉತ್ತರ: ಬರುವುದಿಲ್ಲ ತಮ್ಮ. ಕಾನೂನಿಗೆ ವಿರುದ್ಧವಾದ ಕೆಲಸಕ್ಕೆ ಮಾಡಿಕೊಂಡ ಒಪ್ಪಂದವನ್ನು ಯಾವ ಕೋರ್ಟೂ ಜಾರಿ ಮಾಡಿಸುವುದಿಲ್ಲ. 1872ರ ಕರಾರು ಕಾಯ್ದೆಯಷ್ಟು ಹಳೆಯ ಮಾತು ಅದು. ಆ 10 ಸಾವಿರದ ಆಸೆ ಬಿಡು, ಉಳಿದ 50 ಸಾವಿರ ಕೊಡಬೇಡ. ಅವನ ಮೆಸೇಜುಗಳನ್ನು ಅಳಿಸಬೇಡ. ಒಬ್ಬ ವಕೀಲರನ್ನು ಜೊತೆಗೆ ಕರೆದುಕೊಂಡು ಪೊಲೀಸ್ ಠಾಣೆಗೆ ಹೋಗು. ಫೇಲಾದ ವಿಷಯ ಯಾವುದು ಎಂದು ಬರೆದಿಲ್ಲ. ಒಂದೋ ಎರಡೋ ಇದ್ದರೆ ಮರುಪರೀಕ್ಷೆಗೆ ಫೀಸು ಕಟ್ಟು. ಅದಕ್ಕೆ 60 ಸಾವಿರ ಬೇಕಾಗುವುದಿಲ್ಲ.